ಮೂರನೆಯ ನೀರು

ಮೊದಲೇ ಹೇಳಿಬಿಡುತ್ತೇನೆ, ನಾನು ಮಹಾ ಪುಕ್ಕಲಿ. ಸತ್ತವರ ವಿಷಯದಲ್ಲಿ ಅಲ್ಲ. ಇಪ್ಪತ್ತಾರು ವರ್ಷದಿಂದ ಮಸೀದಿಯ ಹಿಂದಿನ ಕೋಣೆಯಲ್ಲಿ ತೀರಿಹೋದ ಹೆಂಗಸರಿಗೆ ಕೊನೆಯ ಸ್ನಾನ ಮಾಡಿಸುತ್ತಿದ್ದೇನೆ. ಅವರಲ್ಲಿ ಒಬ್ಬಳೂ ನನಗೆ ತೊಂದರೆ ಕೊಟ್ಟಿಲ್ಲ. ನನಗೆ ಭಯ ಬದುಕಿರುವವರದು, ಅದರಲ್ಲೂ ಕಾಗದ ಹಿಡಿದು ಬರುವವರದು. ಬೀದಿಯ ಹೆಂಗಸರು ನನ್ನನ್ನು ನೀರಕ್ಕ ಅನ್ನುತ್ತಾರೆ. ಎದುರು ಸಿಕ್ಕರೆ, "ಹಾಗೆ ಅಳತೆ ತಗೊಳ್ಳೋ ಥರ ನೋಡ್ಬೇಡ ಕಣೆ, ನನಗಿನ್ನೂ ಟೈಮಿದೆ" ಎಂದು ನಗುತ್ತಾರೆ. ನಾನೂ ಬಿಡುವವಳಲ್ಲ, "ನಿನ್ನ ಗಾತ್ರಕ್ಕೆ ಎರಡು ಡ್ರಮ್ ನೀರು ಬೇಕು, ಮೊದಲೇ ಹೇಳಿ ಸಾಯಿ" ಅನ್ನುತ್ತೇನೆ.

ಆ ಬೆಳಿಗ್ಗೆ ಯಾರೂ ನಗಲಿಲ್ಲ. ಗಲ್ಲಿಗೆ ಪೊಲೀಸ್ ವ್ಯಾನು ಬಂತು. ಅದರಲ್ಲಿದ್ದದ್ದು ನಮ್ಮ ಬೀದಿಯ ಟೀಚರ್ ಹೆಣ. ಅವಳ ತಮ್ಮನನ್ನು ಮನೆಯಿಂದ ಎಳೆದುಕೊಂಡು ಹೋದ ಪೊಲೀಸರು ಎಲ್ಲಿಟ್ಟಿದ್ದಾರೆಂದು ಕೇಳುತ್ತಾ ಅವಳು ಎರಡು ತಿಂಗಳು ಠಾಣೆಯ ಗೇಟಿನ ಮುಂದೆ ಅವನ ಫೋಟೋ ಹಿಡಿದು ನಿಂತಿದ್ದಳು. "ಖಲೀಫರನ್ನೇ ಮಸೀದೀಲಿ ತಡೆದು ಪ್ರಶ್ನೆ ಕೇಳಿದ ಹೆಂಗಸರಿದ್ರು. ನಾನು ಒಬ್ಬ ಇನ್ಸ್‌ಪೆಕ್ಟರನ್ನ ಕೇಳಬಾರದಾ?" ಎನ್ನುತ್ತಿದ್ದಳು. ಎಂಟು ದಿನದ ಹಿಂದೆ ಅವಳನ್ನೂ ಒಳಗೆ ಕರೆದುಕೊಂಡರು. ಈಗ ಹೀಗೆ ಹೊರಗೆ ಕಳಿಸಿದ್ದರು.

ಜೊತೆಗೆ ಬಂದ ಅಧಿಕಾರಿ ನಮ್ಮವನೇ. ಇಸ್ತ್ರಿ ಅಂಗಿ, ಮೆತ್ತನೆಯ ಮಾತು. ಸಲಾಂ ಹೇಳಿಯೇ ಶುರು ಮಾಡಿದ.

"ಹಾರ್ಟ್ ನಿಂತೋಯ್ತು, ಪಾಪ. ಮಧ್ಯಾಹ್ನದ ನಮಾಜಿಗೆ ಮುಂಚೆ ಎಲ್ಲಾ ಮುಗೀಬೇಕು. ಮುಖಗಿಖ ತೋರಿಸೋದೇನೂ ಬೇಡ. ತಾಯೀನ ಒಳಗೆ ಬಿಡಬೇಡಿ, ತಡ್ಕೊಳ್ಳಲ್ಲ ಆಯಮ್ಮ. ಆಮೇಲೆ ಈ ಕಾಗದಕ್ಕೆ ಒಂದು ಸಹಿ ಹಾಕಿಬಿಡಿ."

ಓದಿದೆ. ಸ್ನಾನ ಮಾಡಿಸಿದೆ, ಮೈಮೇಲೆ ಯಾವ ಗಾಯವೂ ಇರಲಿಲ್ಲ ಎಂದು ನನ್ನ ಹೆಸರಿನಲ್ಲಿ ಟೈಪ್ ಮಾಡಿಸಿದ್ದರು. ನಾನಿನ್ನೂ ಹೆಣದ ಮುಖ ಕೂಡ ನೋಡಿರಲಿಲ್ಲ.

"ಸ್ನಾನ ಮಾಡಿಸೋರು ಕಂಡಿದ್ದನ್ನ ಆಡಬಾರದು ಅನ್ನೋ ನಿಯಮ ನಿಮಗೆ ನಾನು ಹೇಳಿಕೊಡಬೇಕಾ?" ಎಂದ. ಆಮೇಲೆ ನಗುತ್ತಾ, "ನಿಮ್ಮ ಮಗಳು ಸರ್ಕಾರಿ ಆಸ್ಪತ್ರೇಲಿ ನರ್ಸ್ ಅಲ್ವಾ? ಮೊನ್ನೆ ಮೊನ್ನೆ ಪರ್ಮನೆಂಟ್ ಆಯ್ತಂತೆ. ಒಳ್ಳೇ ಹುಡುಗಿ" ಎಂದ.

ನನಗಿರುವವಳು ಒಬ್ಬಳೇ ಮಗಳು. ಗಂಡ ಹೋದ ಮೇಲೆ ಅವಳ ಮುಖ ನೋಡಿಕೊಂಡು ಬದುಕಿದವಳು ನಾನು. "ಆಯ್ತು ಸಾರ್" ಎಂದೆ. ಅಷ್ಟು ಬೇಗ ಅಂದೆನಲ್ಲಾ ಎಂದು ನನಗೇ ನಾಚಿಕೆಯಾಯಿತು.

ಅಂಗಳದ ಕಟ್ಟೆಯ ಮೇಲೆ ಟೀಚರ್ ತಾಯಿ ಕೂತಿದ್ದಳು. "ನನ್ನ ಮಗೂನ ಒಂದ್ಸಲ ನೋಡಬೇಕು" ಎಂದು ಬಂದವರಿಗೆಲ್ಲ ಹೇಳುತ್ತಿದ್ದಳು. ನಲವತ್ತು ಜನ ಗಂಡಸರು ನೆಲ ನೋಡುತ್ತಾ ನಿಂತಿದ್ದರು.

ಅಧಿಕಾರಿ ನನ್ನ ಹಿಂದೆಯೇ ಬಂದು ಹೊಸ್ತಿಲಲ್ಲಿ ನಿಂತ. ಅಲ್ಲಿಂದ ಮುಂದೆ ಬರುವ ಹಾಗಿರಲಿಲ್ಲ. ಹೆಂಗಸಿನ ಸ್ನಾನದ ಕೋಣೆಗೆ ಗಂಡಸು ಕಾಲಿಟ್ಟರೆ ನೆಲ ನೋಡುತ್ತಿರುವ ಆ ನಲವತ್ತೂ ಜನ ತಲೆ ಎತ್ತುತ್ತಾರೆಂದು ಅವನಿಗೆ ಗೊತ್ತು. ಒಬ್ಬಳು ಮಹಿಳಾ ಪೇದೆಯನ್ನು ಒಳಗೆ ಕಳಿಸಿ ಬಾಗಿಲು ಎಳೆದುಕೊಂಡ. ಯಾವಾಗಲೂ ನೀರು ಹಾಕಿಕೊಡುವ ನನ್ನ ನಾದಿನಿಗೆ ವ್ಯಾನು ಕಂಡ ಕೂಡಲೇ ಹೊಟ್ಟೆನೋವು ಬಂದುಬಿಟ್ಟಿತ್ತು. ಹಾಗಾಗಿ ಪೇದೆಯ ಕೈಗೇ ಚೊಂಬು ಕೊಟ್ಟೆ.

"ನಾನಾ?" ಎಂದಳು.

"ಇನ್ಯಾರು, ನಿಮ್ಮ ಸಾಹೇಬ್ರಾ?"

ಬಾಯಿಗೆ ಮಾತ್ರ ಧೈರ್ಯ ಬಂದಿತ್ತು. ಹೊಕ್ಕುಳಿಂದ ಮಂಡಿಯವರೆಗೆ ಬಟ್ಟೆ ಹೊದಿಸಿದೆ. ಕೈಗೆ ಬಟ್ಟೆಯ ಚೀಲ ಹಾಕಿಕೊಂಡೆ. ಬದುಕಿರುವವರು ತಡೆದುಕೊಳ್ಳುವಷ್ಟೇ ಬಿಸಿಯಿದೆಯೇ ಎಂದು ನೀರನ್ನು ಮುಂಗೈ ಮೇಲೆ ಬಿಟ್ಟು ನೋಡಿದೆ. ಮೇಲೆ ಹೊದಿಸಿದ್ದ ಠಾಣೆಯ ಹಾಳು ಕಂಬಳಿ ತೆಗೆದಾಗ ಪೇದೆ "ಯಾ ಅಲ್ಲಾ" ಎಂದು ಗೋಡೆಗೆ ಒರಗಿದಳು.

ಮೊದಲು ಬಲಗಡೆ, ಆಮೇಲೆ ಎಡಗಡೆ ತೊಳೆದೆ. ನಾನು ಎಣಿಸಬೇಕೆಂದು ಎಣಿಸಲಿಲ್ಲ. ಕೈ ಹೋದಲ್ಲೆಲ್ಲ ಲೆಕ್ಕ ತಾನಾಗಿ ಸಿಕ್ಕಿತು. ಎರಡೂ ಮಣಿಕಟ್ಟಿನಲ್ಲಿ ಹಗ್ಗ ಕೊರೆದ ಗುರುತು. ಅಂಗಾಲು ಊದಿ ಕಪ್ಪಾಗಿತ್ತು. ಬಲಗೈಯ ಎರಡು ಬೆರಳಿಗೆ ಉಗುರಿರಲಿಲ್ಲ, ಸೀಮೆಸುಣ್ಣ ಹಿಡಿಯುವ ಬೆರಳು ಅವು. ಪಕ್ಕೆಯ ಮೇಲೆ ಬೂಟಿನ ಅಂಚು. ಬೆನ್ನು ತಿರುಗಿಸಿದಾಗ ಹದಿನೇಳಕ್ಕೆ ಬಂದು ನಿಂತೆ. "ನೋವಾಯ್ತಾ ಮಗಳೇ, ಇನ್ನೇನು ಆಯ್ತು, ಆಯ್ತು" ಎಂದು ಗೊಣಗುತ್ತಲೇ ಇದ್ದೆ. ಪೇದೆ ಅಳುತ್ತಾ ನೀರು ಹಾಕುತ್ತಿದ್ದಳು.

"ನಾನು ಗೇಟ್ ಡ್ಯೂಟೀಲಿದ್ದೆ ಅಕ್ಕ. ಒಳಗಿಂದು ನನಗೆ ಗೊತ್ತಿಲ್ಲ."

"ಕೂಗು ಕೇಳಿಸ್ತಿತ್ತಾ?"

ಅವಳು ಚೊಂಬು ತುಂಬಿಕೊಂಡಳು.

ನನಗೆ ಈ ಕೆಲಸ ಹೇಳಿಕೊಟ್ಟ ಗುರು ಕಲಿಸಿದ ಮಾತು ತಲೆಯಲ್ಲಿ ತಿರುಗುತ್ತಿತ್ತು. ಮುಚ್ಚಿಡಬೇಕಾದದ್ದು ಸತ್ತವರ ಐಬು. ಇವು ಇವಳ ಐಬಲ್ಲ. ಇದನ್ನು ಮುಚ್ಚಿದರೆ ನಾನು ಯಾರ ಮಾನ ಕಾಪಾಡಿದ ಹಾಗಾಯಿತು? ಹಾಗೆ ಅನ್ನಿಸಿದ ಮರುಕ್ಷಣವೇ ಮಗಳ ಬಿಳಿ ಸಮವಸ್ತ್ರ ಕಣ್ಣ ಮುಂದೆ ಬಂತು.

ಎರಡು ಸಲ ನೀರು ಹಾಕಿದ್ದಾಯಿತು. ಹೊರಗಿಂದ ಅಧಿಕಾರಿ ಬಾಗಿಲು ಬಡಿದ. "ಆಯ್ತೇನಮ್ಮ?"

ಮೂರನೆಯದು, ಕೊನೆಯದು, ಕರ್ಪೂರದ ನೀರು. ಅದನ್ನು ನಾನೇ ಹಾಕಿ ಮುಗಿಸಬಹುದಿತ್ತು, ಯಾರೂ ಕೇಳುತ್ತಿರಲಿಲ್ಲ. ಅದು ಹೇಗೆ ಬಾಯಿಂದ ಬಂತೋ ಗೊತ್ತಿಲ್ಲ, ಅಂಗಳಕ್ಕೆಲ್ಲ ಕೇಳುವ ಹಾಗೆ ಕೂಗಿದೆ. "ಇನ್ನೊಂದು ನೀರು ಬಾಕಿ ಇದೆ. ಹೆತ್ತ ತಾಯಿ ಇರೋವಾಗ ಹಾಕೋ ಹಕ್ಕು ಅವಳದು. ಅವಳನ್ನ ಕೇಳದೆ ಮುಗಿಸೋಕೆ ನನ್ನಿಂದಾಗಲ್ಲ."

"ಹೌದಾ ಮೌಲವಿ ಸಾಹೇಬ್ರೇ?" ಎಂದು ಅಧಿಕಾರಿ ಕೇಳಿದ್ದು ಕೇಳಿಸಿತು. ನಮ್ಮ ಮೌಲವಿಯೂ ನನ್ನ ಜಾತಿಯ ಪುಕ್ಕಲು ಮುದುಕ, ಬೀದಿನಾಯಿ ಬೊಗಳಿದರೆ ದಾರಿ ಬದಲಿಸುವವನು. ಸುಮಾರು ಹೊತ್ತು ಕೆಮ್ಮಿದ. ಆಮೇಲೆ, "ಹೌದು. ಮೊದಲ ಹಕ್ಕು ತಾಯೀದೇ. ತಡೆಯೋ ಹಾಗಿಲ್ಲ" ಎಂದ. ನಲವತ್ತು ಜನ ತಲೆ ಎತ್ತಿರಬೇಕು. ಬಾಗಿಲು ತೆರೆಯಿತು.

ತಾಯಿ ಬಂದಳು. ಮಗಳ ಕೈ ಎತ್ತಿ ಉಗುರಿಲ್ಲದ ಬೆರಳು ಎರಡನ್ನೂ ತನ್ನ ಕೆನ್ನೆಗೆ ಒತ್ತಿಕೊಂಡಳು. ಪಾದದಿಂದ ನೆತ್ತಿಯವರೆಗೆ ಒಂದೂ ಬಿಡದೆ ನೋಡಿದಳು. ಮೂರನೆಯ ನೀರು ತಾನೇ ಹಾಕಿದಳು. ಕೂದಲನ್ನು ಮೂರು ಜಡೆ ಮಾಡಿ ಕಫನ್ ಬಟ್ಟೆ ಹೊದಿಸುವಾಗ ನನ್ನ ಕಿವಿಯಲ್ಲಿ ಹೇಳಿದಳು.

"ಅವನು ಕಾಗದ ಹಿಡ್ಕೊಂಡು ನಿಂತಿದ್ದಾನೆ, ನೋಡಿದೆ. ಸಹಿ ಹಾಕಿಬಿಡಿ ಅಕ್ಕ. ನಾನು ನೋಡಿದೆನಲ್ಲ, ನನಗೆ ಸಾಕು. ನಿಮಗೂ ಒಬ್ಬಳು ಮಗಳಿದ್ದಾಳೆ."

ಅವಳು ಬೈದಿದ್ದರೆ ಸಹಿ ಹಾಕಿಬಿಡುತ್ತಿದ್ದೆ, ದೇವರಾಣೆ. ಈ ಮಾತು ಕೇಳಿದ ಮೇಲೆ ಆಗಲಿಲ್ಲ.

ಹೊರಗೆ ಅಧಿಕಾರಿ ಪೆನ್ನಿನ ಮುಚ್ಚಳ ತೆಗೆದು ನೀಡಿದ. ನಾನು ಕೈಯನ್ನು ಸೆರಗಿನೊಳಗೆ ಇಟ್ಟುಕೊಂಡೆ. "ಹದಿನೇಳು ಗಾಯ ಇದೆ ಸಾರ್" ಎಂದೆ. ಧ್ವನಿ ಮೊದಲ ಸಲ ಹೊರಡಲಿಲ್ಲ, ಇನ್ನೊಂದು ಸಲ ಹೇಳಿದೆ. ಎಲ್ಲರಿಗೂ ಕೇಳಿಸಿತು. ಅವನು ಬೈಯಲಿಲ್ಲ. "ಆಯ್ತಮ್ಮ" ಎಂದು ಕಾಗದ ಮಡಿಸಿ ಜೇಬಿಗಿಟ್ಟುಕೊಂಡು, ಅಲ್ಲಿಯೇ ನಿಂತು ಯಾರಿಗೋ ಫೋನ್ ಮಾಡಿದ.

ನಾನು ಕೋಣೆಗೆ ಓಡಿ ಬಾಗಿಲು ಹಾಕಿಕೊಂಡೆ. ಮಗಳಿಗೆ ಫೋನ್ ಮಾಡಿದೆ. ಎತ್ತಲಿಲ್ಲ. ಇನ್ನೊಂದು ಸಲ ಮಾಡಿದೆ. ನಾಲ್ಕನೆಯ ಸಲಕ್ಕೆ ಎತ್ತಿದಳು.

"ಈಗಲೇ ಅಲ್ಲಿಂದ ಹೊರಡು. ಮನೆಗೆ ಹೋಗಬೇಡ, ನಿನ್ನ ಚಿಕ್ಕಮ್ಮನ ಹತ್ರ ಹೋಗು" ಎಂದೆ. "ನಾನು ತಪ್ಪು ಮಾಡಿಬಿಟ್ಟೆ ಕಣೆ. ಟೀಚರ್ ಮೈಮೇಲೆ ಗಾಯ ಇದೆ ಅಂತ ಎಲ್ಲರ ಮುಂದೆ ಹೇಳಿಬಿಟ್ಟೆ. ನಿನ್ನ ವಿಷಯ ಎತ್ತಿ ಹೆದರಿಸಿದ್ರು, ಆದರೂ ಹೇಳಿಬಿಟ್ಟೆ."

ಆ ಕಡೆ ಅವಳೂ ಬಾಗಿಲು ಹಾಕಿಕೊಂಡ ಸದ್ದು ಕೇಳಿಸಿತು.

"ಅಮ್ಮಾ" ಎಂದಳು. "ನಿನ್ನೆ ಅವಳನ್ನ ತಂದಿದ್ದು ನನ್ನ ವಾರ್ಡಿಗೇ. ಆಗ ಇನ್ನೂ ಜೀವ ಇತ್ತು. ಅವರು ನಿನ್ನ ವಿಷಯ ಎತ್ತಿ ಹೆದರಿಸಿದ್ರು. ಗಾಯ ಇರಲಿಲ್ಲ ಅನ್ನೋ ಕಾಗದಕ್ಕೆ ನಾನು ಸಹಿ ಹಾಕಿಬಿಟ್ಟೆ."