ಸಿಳ್ಳೆಯಿಲ್ಲದ ಗೊರಕೆ

ಬೀಗದಂಗಡಿಯ ಮೇಸ್ತ್ರಿಗೆ ಕೈ ನಡುಗಲು ಶುರುವಾಗಿ ನಾಲ್ಕು ವರ್ಷ. ಅಂದಿನಿಂದ ಬೀಗ ತೆಗೆಯುವವಳು ಸೊಸೆ. ಹೆಸರು ಮಾತ್ರ ಮಾವನದು. ಮೊದಮೊದಲು ಅವಳೊಬ್ಬಳೇ ಹೋಗಿದ್ದೂ ಉಂಟು. ಬೀಗದ ಕೈ ಕಳೆದುಕೊಂಡು ತಮ್ಮದೇ ಮನೆಯ ಮೆಟ್ಟಿಲ ಮೇಲೆ ಕೂತಿದ್ದ ಯಜಮಾನರೊಬ್ಬರು ಅವಳನ್ನೂ ಅವಳ ಚೀಲವನ್ನೂ ಮೇಲಿಂದ ಕೆಳಗೆ ನೋಡಿ, "ಗಂಡಸರು ಯಾರೂ ಇಲ್ವೇನಮ್ಮಾ?" ಎಂದಿದ್ದರು. ಇವಳು ಐದು ನಿಮಿಷದಲ್ಲಿ ತೆಗೆಯಬಹುದಾಗಿದ್ದ ಬೀಗಕ್ಕೆ ಅವರು ಗಂಡಸು ಮೇಸ್ತ್ರಿಯೊಬ್ಬನಿಗಾಗಿ ಮಧ್ಯಾಹ್ನದವರೆಗೆ ಬಿಸಿಲಲ್ಲಿ ಕಾದರು.

ಆಮೇಲೆ ಮಾವನೂ ಜೊತೆಗೆ ಹೊರಡತೊಡಗಿದ. ಹೋದಲ್ಲೆಲ್ಲ ಕುರ್ಚಿಯ ಮೇಲೆ ಕೂತು ಗಂಭೀರವಾಗಿ ಕೆಮ್ಮುವುದು ಅವನ ಕೆಲಸ. ಒಂದು ಕೆಮ್ಮಿಗೆ ತಂತಿ ಎಡಕ್ಕೆ ತಿರುಗಿಸು, ಎರಡು ಕೆಮ್ಮಿಗೆ ಬಲಕ್ಕೆ ಎಂದು ನೋಡಿದವರು ತಾವೇ ಅರ್ಥ ಮಾಡಿಕೊಂಡರು. ಅಸಲಿಗೆ ಆ ಕೆಮ್ಮಿಗೆ ಅರ್ಥವೇನೂ ಇರಲಿಲ್ಲ. ಆದರೆ ಬರಬರುತ್ತಾ ಅದು ಅವಳಿಗೂ ಅಭ್ಯಾಸವಾಗಿಹೋಯಿತು. ಬೆನ್ನ ಹಿಂದೆ ಕೆಮ್ಮು ಕೇಳದಿದ್ದರೆ ಬೆರಳು ಮುಂದೆ ಹೋಗುತ್ತಿರಲಿಲ್ಲ.

ಆ ದಿನ ಶಾಲೆಯಿಂದ ಕರೆ ಬಂದಾಗ ಒಂಬತ್ತು ಗಂಟೆ. ಹತ್ತಕ್ಕೆ ಪರೀಕ್ಷೆ, ಪ್ರಶ್ನೆಪತ್ರಿಕೆಗಳು ಕಬ್ಬಿಣದ ಬೀರುವಿನೊಳಗೆ, ಬೀಗದ ಕೈ ಮುರಿದು ಅರ್ಧ ತುಂಡು ಬೀಗದೊಳಗೇ ಉಳಿದಿತ್ತು. ಇವರಿಬ್ಬರೂ ಓಡೋಡಿ ಬಂದಾಗ ಇನ್ನು ಅರ್ಧ ಗಂಟೆಯಿತ್ತು. ಹೆಡ್ ಮೇಡಂ ಕಿಟಕಿಗೂ ಬಾಗಿಲಿಗೂ ಓಡಾಡುತ್ತಿದ್ದರು. ನಾಲ್ಕಾರು ಶಿಕ್ಷಕರು ಬೀರುವಿನ ಸುತ್ತ ನಿಂತಿದ್ದರು.

"ಮೇಸ್ತ್ರಿಗಳೇ, ಬನ್ನಿ ಬನ್ನಿ," ಎಂದು ಗುಮಾಸ್ತ ಕುರ್ಚಿ ಎಳೆದು ಕೊಟ್ಟ. "ನೀನು ಸಾಮಾನು ಅಲ್ಲಿಡಮ್ಮ."

ಅವಳು ಮಂಡಿಯೂರಿ ಕೂತಳು. ತುದಿ ಬಾಗಿಸಿದ ತಂತಿಯನ್ನು ಬೀಗದ ಬಾಯಿಗೆ ತಂದು ಕೆಮ್ಮಿಗಾಗಿ ಕಾದಳು. ಕೆಮ್ಮು ಬರಲಿಲ್ಲ. ಬದಲಿಗೆ ಗೊರಕೆ ಕೇಳಿಸಿತು.

ತಿರುಗಿ ನೋಡಿದರೆ ಮಾವ ಎದೆಗೆ ಗಲ್ಲ ಒರಗಿಸಿ ಕಣ್ಣು ಮುಚ್ಚಿದ್ದ.

"ಅಯ್ಯೋ, ಮಲಗೇಬಿಟ್ರಲ್ಲ," ಅಂದ ಗುಮಾಸ್ತ. "ಎಬ್ಬಿಸಮ್ಮ. ಎಬ್ಬಿಸು ಬೇಗ."

ಅವಳು ಕೈ ಚಾಚಿದವಳು ಹಾಗೇ ತಡೆದಳು. ಹನ್ನೆರಡು ವರ್ಷದಿಂದ ಗೋಡೆಯಾಚೆಗಿನ ಆ ಗೊರಕೆಯನ್ನು ಕೇಳಿದವಳು ಅವಳು. ಮಾವನ ಗೊರಕೆ ಎಂದರೆ ಕೊನೆಗೊಂದು ಉದ್ದ ಸಿಳ್ಳೆ ಇರಲೇಬೇಕು. ಈ ಗೊರಕೆಗೆ ಸಿಳ್ಳೆಯಿರಲಿಲ್ಲ.

ಮೊದಲು ಮೈಯೆಲ್ಲ ಉರಿಯಿತು. ಮುದುಕ ಇಷ್ಟು ಜನರ ಮುಂದೆ ಕೈಬಿಟ್ಟನಲ್ಲ. ಭುಜ ಹಿಡಿದು ಅಲ್ಲಾಡಿಸಿದರೆ ಸಾಕು, ಕಣ್ಣುಜ್ಜಿಕೊಂಡು ಎದ್ದು ಕೆಮ್ಮಲೇಬೇಕಾಗುತ್ತಿತ್ತು. ಅಲ್ಲಾಡಿಸಿದರೆ ನಾಳೆಯೂ ಕೆಮ್ಮುತ್ತಾನೆ, ಆಚೆ ನಾಡಿದ್ದೂ. ಎಷ್ಟು ವರ್ಷ?

ಅವಳು ಚಾಚಿದ ಕೈಯನ್ನು ಹಿಂದಕ್ಕೆ ತಂದಳು.

"ಅವರು ಮಲಗಲಿ ಬಿಡಿ. ನೀವು ಸ್ವಲ್ಪ ಬೆಳಕಿಗೆ ಅಡ್ಡ ನಿಲ್ಲಬೇಡಿ."

"ಅಲ್ಲಮ್ಮ, ಮೇಸ್ತ್ರಿ ಇಲ್ದೇನೇ…"

"ಇದಕ್ಕೆ ಇಕ್ಕಳ ಹಾಕಿ ತಿರುಚಿದ್ದು ಯಾರು?"

ಗುಮಾಸ್ತ ಮೇಲೆ ಫ್ಯಾನಿನ ಕಡೆ ನೋಡತೊಡಗಿದ.

"ತುಂಡು ಒಳಕ್ಕೆ ಹೋಗಿದೆ," ಎಂದಳು. "ಬರುತ್ತೆ. ನನಗೆ ಸದ್ದು ಕೇಳಬೇಕು, ಯಾರೂ ಮಾತಾಡಬೇಡಿ."

ಹೆಡ್ ಮೇಡಂ ಓಡಾಟ ನಿಲ್ಲಿಸಿ ಇದ್ದಲ್ಲೇ ನಿಂತರು. ಕೋಣೆಯಲ್ಲಿ ಉಳಿದದ್ದು ಸುಳ್ಳು ಗೊರಕೆಯೊಂದೇ. ಅದೂ ವಿಧೇಯವಾಗಿ ಸಣ್ಣಗಾಯಿತು. ಅವಳು ತಂತಿಯನ್ನು ತುಂಡಿನ ಹಲ್ಲಿಗೆ ಸಿಕ್ಕಿಸಿದಳು. ಜಾರಿತು. ಮತ್ತೆ ಸಿಕ್ಕಿಸಿ ಉಸಿರು ಹಿಡಿದು ಎಳೆದಳು. ಕಿರ್ ಎಂದು ಹಿತ್ತಾಳೆಯ ತುಂಡು ಹೊರಗೆ ಬಂದು ಅಂಗೈಗೆ ಬಿತ್ತು. ಉಳಿದದ್ದು ಅವಳಿಗೆ ಲೆಕ್ಕಕ್ಕೇ ಇಲ್ಲದ ಕೆಲಸ. ಹತ್ತಕ್ಕೆ ಏಳು ನಿಮಿಷ ಇರುವಾಗ ಬೀರು ತೆರೆದುಕೊಂಡಿತು.

ಹೆಡ್ ಮೇಡಂ ಪತ್ರಿಕೆಯ ಕಟ್ಟುಗಳನ್ನು ಮಗುವಿನ ಹಾಗೆ ಎದೆಗೆ ಅವಚಿಕೊಂಡರು. ಬಾಗಿಲು ದಾಟುವಾಗ ತಿರುಗಿ, "ಲ್ಯಾಬಿನಲ್ಲೂ ಎರಡು ಬೀಗ ಕೆಟ್ಟಿವೆ. ಸೋಮವಾರ ಬರ್ತೀರಾ?" ಎಂದು ಕೇಳಿದರು. ಕೇಳಿದ್ದು ಅವಳನ್ನೇ.

"ಬರ್ತೀನಿ," ಎಂದಳು.

ಮಾವ ಆಗ ಕಣ್ಣು ಬಿಟ್ಟು, ನಿಜಕ್ಕೂ ನಿದ್ದೆಯಿಂದ ಎದ್ದವರ ಹಾಗೆ ಆಕಳಿಸಿದ.

ಬಸ್ಸಿನಲ್ಲಿ ಕೂತ ಮೇಲೆ ಅವಳು ಕೇಳಿದಳು, "ಮಾವಯ್ಯ, ಸಿಳ್ಳೆ ಯಾಕೆ ಮರೆತ್ರಿ?"

"ಯಾವ ಸಿಳ್ಳೆ?"

"ಗೊರಕೆ ಕೊನೇಲಿ ಬರೋದು."

"ನಾನು ಸಿಳ್ಳೆ ಹೊಡೀತೀನಾ?" ಅವನಿಗೆ ನಿಜಕ್ಕೂ ಆಶ್ಚರ್ಯವಾಯಿತು. "ನಿಮ್ಮತ್ತೆ ಒಂದು ದಿನಾನೂ ಹೇಳ್ಲಿಲ್ವಲ್ಲ."

"ನನ್ನನ್ನ ಅಷ್ಟು ಜನದ ಮುಂದೆ ಒಬ್ಬಳನ್ನೇ ಬಿಟ್ರಲ್ಲ. ಆಗದೇ ಹೋಗಿದ್ರೆ?"

"ಆಗದೇ ಹೋಗುತ್ತೆ ಅಂತ ನನಗೆ ಹೊಳೀಲೇ ಇಲ್ಲ ಕಣಮ್ಮ. ನಾಲ್ಕು ವರ್ಷ ಸುಳ್ಳು ಕೆಮ್ಮಿ ಕೆಮ್ಮಿ ನಿಜವಾದ ಕೆಮ್ಮೇ ಬಂದುಬಿಡ್ತು. ಸಾಕು ಅನ್ನಿಸ್ತು." ಕಿಟಕಿಯ ಕಡೆ ತಿರುಗಿ, "ನೀನು ಎಬ್ಬಿಸಿದ್ರೆ ಏಳ್ತಿದ್ದೆ," ಎಂದ.

ಅವಳಿಗೆ ನಗು ತಡೆಯಲಾಗಲಿಲ್ಲ. ಕೈಯಲ್ಲಿದ್ದ ಹಿತ್ತಾಳೆಯ ತುಂಡನ್ನು ಸೆರಗಿನ ತುದಿಗೆ ಗಂಟು ಹಾಕಿಕೊಂಡಳು.

ಅಷ್ಟರಲ್ಲಿ ಫೋನು. ಯಾವುದೋ ಗಡಸು ದನಿ: "ಬೀಗದ ಮೇಸ್ತ್ರಿ ಇದಾರಾ?"

ಇಂಥ ಕರೆಗಳನ್ನೆಲ್ಲ ಅವಳು ಮಾವನ ಕೈಗೆ ದಾಟಿಸುತ್ತಿದ್ದಳು. ಪಕ್ಕಕ್ಕೆ ನೋಡಿದರೆ ಅವನು ಆಗಲೇ ಕಿಟಕಿಗೆ ತಲೆಯಾನಿಸಿದ್ದ.

"ನಾನೇ. ಹೇಳಿ, ಎಲ್ಲಿಗೆ ಬರಬೇಕು?"

"ನೀವೇನಾ?" ಎಂದಿತು ಆ ದನಿ. ಆಮೇಲೆ ವಿಳಾಸ ಬಂತು, ಬೀಗದ ಕಥೆಯೂ ಬಂತು. ನಡುವೆ ಆ ದನಿ ತಡೆದು ಕೇಳಿತು, "ಅದೇನಮ್ಮ ಅದು, ಕುಕ್ಕರ್ ಕೂಗ್ತಿದೆಯಾ?"

ಅವಳು ಮಾವನ ಕಡೆ ನೋಡಿದಳು. ಉದ್ದನೆಯ, ಅಸಲಿ ಸಿಳ್ಳೆ. ಮುಂದಿನ ಸೀಟಿನವರೂ ತಿರುಗಿ ನೋಡುತ್ತಿದ್ದರು.

"ಇಲ್ಲ, ನಮ್ಮ ಮಾವ," ಎಂದಳು. "ಕೆಲಸ ಮುಗಿಸಿ ಮಲಗಿದಾರೆ."