ಮನೆ ನೋಡುವ ಶಾಸ್ತ್ರ

ಕೊಯಮತ್ತೂರಿನ ಹತ್ತಿರದ ಕರುಮತ್ತಂಪಟ್ಟಿಯ ನೇಕಾರರ ಬೀದಿಯಲ್ಲಿ ಕೃಷ್ಣಸಾಮಿಯವರ ಸೋಫಾ ಅಂದರೆ ಬರೀ ಸೋಫಾ ಅಲ್ಲ, ಊರಿನ ಹಿರಿಯರಲ್ಲೊಬ್ಬರು. ಮೆರೂನ್ ಬಣ್ಣದ ರೆಕ್ಸಿನ್ ಮೈ, ಒಂದು ಕಾಲು ಕುಂಟು. ಆ ಕುಂಟುಗಾಲಲ್ಲೇ ಅದು ಆರು ಮದುವೆ ಮಾಡಿಸಿತ್ತು. ಯಾವ ಮನೆಗೆ ಹೆಣ್ಣು ನೋಡಲು ಬರುವವರಿದ್ದರೂ ಹಿಂದಿನ ದಿನವೇ ನಾಲ್ಕು ಜನ ಸೇರಿ ಸೋಫಾವನ್ನು ಹೊತ್ತು ಆ ಮನೆಯಲ್ಲಿಡುತ್ತಿದ್ದರು. ಹಿಂದೆಯೇ ಚಂದ್ರಾಳ ಸ್ಟೀಲ್ ಲೋಟಗಳು, ತಂಗವೇಲುವಿನ ಮನೆಯ ತಟ್ಟೆಗಳು. ಗಂಡಿನ ಕಡೆಯವರು ಬಜ್ಜಿ ತಿಂದು ಕೈ ತೊಳೆದ ಮೇಲೆ ಎಲ್ಲ ಅವರವರ ಮನೆಗೆ ವಾಪಸ್. ನೆರೆಹೊರೆ ಎಂಬ ಮಾತಿನಲ್ಲಿ ‘ಹೊರೆ’ ಯಾಕಿದೆ ಎಂಬ ಸಂಶಯವಿದ್ದವರು ಈ ಬೀದಿಗೆ ಬರಬೇಕು. ಇಲ್ಲಿ ನೆರೆಯವರು ಹೊರುತ್ತಾರೆ.

ಎರಡು ಸಾವಿರದ ಆರನೇ ಇಸವಿಯಲ್ಲಿ ಸೋಫಾ ಏಳನೇ ಸಲ ಹೊರಬಿದ್ದದ್ದು ಮಾತ್ರ ಮದುವೆಗಲ್ಲ, ವಿಜಯಮ್ಮನ ಮೊಮ್ಮಗಳಿಗಾಗಿ.

ವಿಜಯಮ್ಮನಿಗೆ ಐವತ್ತೆಂಟು. ಕೃಷ್ಣಸಾಮಿಯವರ ಮಗ್ಗದ ಶೆಡ್ಡಿನಲ್ಲಿ ನೂಲು ಸುತ್ತುವ ಕೆಲಸ. ಬೀದಿಯೊಳಗೆ ಕನ್ನಡ, ಬೀದಿ ದಾಟಿದರೆ ತಮಿಳು ಎಂದು ತಲೆಮಾರುಗಳಿಂದ ಬದುಕುತ್ತಿರುವ ಮನೆತನ. ಮಗಳು ಕಾಮಾಲೆಯಲ್ಲಿ ಹೋದಳು. ಅಳಿಯ ಸೆಲ್ವಕುಮಾರ್ ಒಂಬತ್ತು ವರ್ಷದ ಭೂಮಿಯನ್ನು ಕರೆದುಕೊಂಡು ತಿರುಪ್ಪೂರಿನ ಬನಿಯನ್ ಕಂಪನಿಗೆ ಸೇರಿದ, ನಾಲ್ಕು ತಿಂಗಳಿಗೆ ಹುಡುಗಿಯನ್ನು ಬಾಡಿಗೆ ಕೋಣೆಯಲ್ಲಿ ಬಿಟ್ಟು ಎತ್ತಲೋ ಮಾಯವಾದ. ಅಕ್ಕಪಕ್ಕದವರು ಮಕ್ಕಳ ಸಹಾಯವಾಣಿಗೆ ಫೋನ್ ಮಾಡಿದ ಮೇಲೆ ಹುಡುಗಿ ಕೊಯಮತ್ತೂರಿನ ಒಂದು ಮಕ್ಕಳ ನಿಲಯ ಸೇರಿದಳು. ವಿಜಯಮ್ಮನಿಗೆ ಸುದ್ದಿ ಮುಟ್ಟಿದ್ದು ತಿಂಗಳ ನಂತರ. ಮುರುಕ್ಕಿನ ಪೊಟ್ಟಣ ಹಿಡಿದು ಓಡಿದಳು. ಮುರುಕ್ಕು ಒಳಗೆ ಹೋಯಿತು, ಮಗು ಹೊರಗೆ ಬರಲಿಲ್ಲ. “ಮಕ್ಕಳ ಕಲ್ಯಾಣ ಸಮಿತಿಯವರು ತೀರ್ಮಾನ ಮಾಡಬೇಕು. ಅದಕ್ಕೆ ಮೊದಲು ಯಾರಾದರೂ ಬಂದು ನಿಮ್ಮ ಮನೆ ನೋಡಿ ವರದಿ ಕೊಡಬೇಕು” ಅಂದರು ನಿಲಯದವರು.

ಮನೆ ನೋಡಬೇಕು ಅನ್ನುವ ಮಾತು ಬೀದಿಯ ಕಿವಿಗೆ ಬಿದ್ದದ್ದೇ ತಡ, ಬೀದಿ ತನಗೆ ಗೊತ್ತಿದ್ದ ಶಾಸ್ತ್ರವನ್ನು ಶುರುಮಾಡಿತು. ವರನ ಕಡೆಯವರಿಗೂ ವರದಿ ಕಡೆಯವರಿಗೂ ಅದಕ್ಕೆ ಹೆಚ್ಚು ವ್ಯತ್ಯಾಸ ಕಾಣಲಿಲ್ಲ.

“ವಿಜಯಕ್ಕಾ, ಒಂದ್ ಪಾಯಿ, ಮೂರ್ ಪಾತ್ರೆ ನೋಡ್ಬಿಟ್ಟು ಪಾಪ್ಪಾನ ಕಳಿಸ್ತಾರಾ?” ಅಂದಳು ಪಕ್ಕದ ಮನೆಯ ಚಂದ್ರಾ, ಮೂಲೆಯಲ್ಲಿ ಸುತ್ತಿಟ್ಟ ಚಾಪೆ ತೋರಿಸಿ.

“ನಂದಲ್ಲದ್ದನ್ನ ನಂದು ಅಂತ ಹೆಂಗೆ ಹೇಳದು ಚಂದ್ರಾ?”

“ನೀ ಯಾಕ್ ಹೇಳ್ತೀಯ? ಸೋಫಾ ಹೇಳ್ತದೆ. ನೀ ಬಾಯಿ ಮುಚ್ಕಂಡು ಕೂತ್ಕ, ಪೋದುಂ, ಅಷ್ಟೇ ಸಾಕು.”

ಕೃಷ್ಣಸಾಮಿ ಈ ಸಲ ಇನ್ನೊಂದು ಹೆಜ್ಜೆ ಮುಂದೆ ಹೋಗಿ ತಮ್ಮ ಹಳೆಯ ಫ್ರಿಜ್ಜನ್ನೂ ಕಳಿಸಿದರು. “ಬಾಗ್ಲು ಮಾತ್ರ ತೆಗೀಬೇಡಿ. ಒಳಗೆ ಇಡ್ಲಿ ಹಿಟ್ಟದೆ” ಎಂದು ಎಚ್ಚರಿಕೆಯನ್ನೂ ಕಳಿಸಿದರು. ವಿಜಯಮ್ಮನ ಮನೆಯಲ್ಲಿದ್ದದ್ದು ಒಂದು ಬಲ್ಬು. ಪ್ಲಗ್ ಇರಲೇ ಇಲ್ಲ. ಫ್ರಿಜ್ಜಿನ ವೈರನ್ನು ಹಿಂದಕ್ಕೆ ಸುತ್ತಿ ಮರೆಮಾಡಿದರು.

ಮರುದಿನ ಹತ್ತು ಗಂಟೆಗೆ ಮನೆ ನೋಡಲು ಬಸ್ಸಿಳಿದು ಬಂದವಳು ಹಿನಾ. ದಾವಣಗೆರೆಯವಳು, ಇಪ್ಪತ್ತನಾಲ್ಕು ವರ್ಷ. ಸಮಾಜಕಾರ್ಯ ಓದಲು ಕೊಯಮತ್ತೂರಿಗೆ ಬಂದು, ಓದು ಮುಗಿದ ಮೇಲೆ ಮಕ್ಕಳಿಗಾಗಿ ಕೆಲಸ ಮಾಡುವ ಒಂದು ಸಣ್ಣ ಸಂಸ್ಥೆಯಲ್ಲಿ ಉಳಿದುಕೊಂಡಿದ್ದಳು. ಸಮಾಜಸೇವೆ ಬೇರೆ, ಸಮಾಜಕಾರ್ಯ ಬೇರೆ. ಸೇವೆ ಮಾಡುವವರಿಗೆ ಹಾರ ಹಾಕುತ್ತಾರೆ, ಕಾರ್ಯ ಮಾಡುವವರಿಗೆ ಕಾರಣ ಕೇಳುತ್ತಾರೆ. ಕಾರಣ ಕೇಳುವ ಕೆಲಸ ಅವಳ ಮೇಲಧಿಕಾರಿ ಪಂಕಜಂ ಮೇಡಂ ಅವರದು. ಅವರು ಯಾವ ಕೇಸಿಗೂ ಹೇಳುತ್ತಿದ್ದ ಮಾತು ಒಂದೇ: “ಆ ಮನುಷ್ಯರು ಎಲ್ಲಿದ್ದಾರೋ ಅಲ್ಲಿಂದ ಶುರು ಮಾಡು. ನೀನು ಎಲ್ಲಿದ್ದೀಯೋ ಅಲ್ಲಿಂದ ಅಲ್ಲ.”

ವಿಜಯಮ್ಮ ಆಗ ಇದ್ದದ್ದು ಸೋಫಾದ ತುದಿಯಲ್ಲಿ. ಹುಟ್ಟಿದಾಗಿನಿಂದ ನೆಲದ ಮೇಲೆ ಕೂತ ಜೀವ, ಒಂದು ಗೇಣು ಜಾಗದಲ್ಲಿ ಹಕ್ಕಿಯ ಹಾಗೆ ಕೂತಿತ್ತು.

“ಗಂಡಿನ್ ಕಡೆಯೋರು ಒಬ್ರೇ ಬಂದವ್ರಲ್ಲಪ್ಪ!” ಅಂದ ಎದುರು ಜಗಲಿಯ ಮುದುಕ ಅಯ್ಯಾಸಾಮಿ. ಕಿಟಕಿಯ ಹೊರಗೆ ಗುಂಪು ಕಿಸಕ್ಕೆಂದಿತು.

ಕೇಸು ಶುರುವಾಗುವ ಮೊದಲೇ ಕೇಸರಿಬಾತು ಬಂತು. ಹಿಂದೆಯೇ ಬಜ್ಜಿ, ಕಾಫಿ. ಹಿನಾ ಫಾರಂ ತೆಗೆಯಲಿಲ್ಲ. ಮೊದಲ ಕಾಲು ಗಂಟೆ ಫಾರಂ ಚೀಲದಲ್ಲೇ ಇರಬೇಕು ಅನ್ನುವುದು ಆ ಕೆಲಸದ ಮೊದಲ ಪಾಠ. ಕಾಫಿ ಲೋಟ ಎತ್ತಿಕೊಂಡಳು. ಆ ಕಡೆಯ ಮನೆಗಳಲ್ಲಿ ಪಾತ್ರೆಗೆ ಹೆಸರು ಕೆತ್ತಿಸುವುದು ರೂಢಿ. ಬಸ್ಸಿನ ಬೋರ್ಡು ಓದಿ ಓದಿ ಹಿನಾಗೆ ತಮಿಳು ಅಕ್ಷರ ಒಲಿದಿತ್ತು. ಲೋಟದ ಮೇಲೆ ಚುಕ್ಕಿ ಚುಕ್ಕಿಯಾಗಿ ‘ಚಂದ್ರಾ’. ಬಜ್ಜಿಯ ತಟ್ಟೆಯ ಮೇಲೆ ‘ತಂಗವೇಲು’. ನೀರಿನ ಚೊಂಬಿನ ಮೇಲೆ ‘ಕೃಷ್ಣಸಾಮಿ’. ಚಮಚದ ಮೇಲೆ ಹೆಸರಿಗೆ ಜಾಗವಿರಲಿಲ್ಲ, ಹಾಗಾಗಿ ಅದೊಂದೇ ಸಾಕ್ಷಿ ಹೇಳದೆ ಉಳಿಯಿತು.

“ಅಜ್ಜಿ, ತಂಗವೇಲು ಅಂದ್ರೆ ಯಾರು?”

ವಿಜಯಮ್ಮ ಬೆಚ್ಚಿದಳು. “ನಮ್ಮ... ಅಣ್ಣ.”

“ಕೃಷ್ಣಸಾಮಿ?”

“ಅವ್ರೂ ಅಣ್ಣಾನೇ.”

“ಚಂದ್ರಾ?”

“ಅಣ್ಣ... ಅಲ್ಲ, ತಂಗಿ!”

“ಅಯ್ಯೋ ಅಕ್ಕಾ!” ಎಂದು ಕಿಟಕಿಯ ಹೊರಗಿನಿಂದ ತಂಗಿಯೇ ನರಳಿದಳು.

ಅಷ್ಟರಲ್ಲಿ ಮೂಲೆಯಿಂದ ಹುಳಿ ವಾಸನೆ ಬಂತು. ಕರೆಂಟಿಲ್ಲದ ಪೆಟ್ಟಿಗೆಯೊಳಗೆ, ಜೂನ್ ತಿಂಗಳ ಸೆಕೆಗೆ, ಕೃಷ್ಣಸಾಮಿಯವರ ಇಡ್ಲಿ ಹಿಟ್ಟು ಇಡೀ ರಾತ್ರಿ ಉಬ್ಬಿತ್ತು. ಬಾಗಿಲ ಸಂದಿಯಿಂದ ಒಂದು ಬಿಳಿ ಧಾರೆ ಇಳಿದು ನೆಲಕ್ಕೆ ಬಂತು. ಸಡಿಲ ಬಾಗಿಲು ತಾನಾಗಿ ತೆರೆದುಕೊಂಡಿತು. ಯಾರೂ ಹೊಡೆಯದೆ, ಬಡಿಯದೆ, ಫ್ರಿಜ್ಜು ಬಾಯಿಬಿಟ್ಟಿತು.

ಹೊರಗಿನ ನಗು ನಿಂತಿತು. ವಿಜಯಮ್ಮ ಎದ್ದು ನಿಂತಳು.

“ಒಂದೂ ನಂದಲ್ಲ ಅಮ್ಮಣಿ. ಈ ಸೋಫಾ, ಆ ಡಬ್ಬಾ, ನೀ ಕುಡ್ದ ಲೋಟ, ಯಾವುದೂ ನಂದಲ್ಲ. ನಾ ಉಟ್ಕಂಡಿರ ಸೀರೇನೂ ಚಂದ್ರಂದು. ನಂದು ಅಂತ ಇರದು ಆ ಪಾಪ್ಪ ಒಂದೇ. ಅದು ಅವ್ರತ್ರ ಅದೆ. ಸುಳ್ಳಿ ಅಂತ ಬರ್ಕಂಡು ಹೋಗ್ತೀಯಾ?”

ಹಿನಾ ಈಗ ಫಾರಂ ತೆಗೆದಳು. ‘ಮನೆಯ ಸೌಕರ್ಯಗಳು’ ಎಂಬ ಕಾಲಂ ನೋಡಿದಳು. ಹಾಳೆಯನ್ನು ತಿರುಗಿಸಿ, ಖಾಲಿ ಬೆನ್ನಿನ ಮೇಲೆ ಒಂದು ವೃತ್ತ ಬರೆದಳು.

“ಇದು ನೀವು ಮತ್ತು ಭೂಮಿ. ಈಗ ಹೇಳಿ ಅಜ್ಜಿ, ಚಂದ್ರಾ ಅವರ ಹತ್ತಿರ ಲೋಟ ಕೇಳಿದ್ರಾ?”

“ಕೇಳ್ಲೇ ಇಲ್ಲ. ಅವಳೇ ತಂದಿಟ್ಳು.”

“ನೀವು ಶೆಡ್ಡಿಗೆ ಹೋದಾಗ ಭೂಮಿ ಎಲ್ಲಿರ್ತಾಳೆ?”

“ನಮ್ಮನೇಲಿ!” ಅನ್ನುತ್ತಾ ಚಂದ್ರಾ ಕಿಟಕಿ ಬಿಟ್ಟು ಬಾಗಿಲಿಂದ ಒಳಗೇ ನುಗ್ಗಿದಳು. “ಅವಳು ಹುಟ್ದಾಗ ಮೊದಲ್ನೇ ನೀರು ಹಾಕ್ದವಳೇ ನಾನು. ಇದನ್ನೂ ಬರ್ಕ ಅಮ್ಮಣಿ.”

ಬರೆದುಕೊಂಡಳು. ವೃತ್ತದಿಂದ ಚಂದ್ರಾಳ ವೃತ್ತಕ್ಕೆ ದಪ್ಪ ಗೆರೆ. ತಂಗವೇಲುವಿನ ಇಬ್ಬರು ಮಕ್ಕಳು ಹೋಗುವ ಶಾಲೆಗೇ ಭೂಮಿಯೂ ಹೋಗಬಹುದು, ಅವನೇ ಟೆಂಪೋದಲ್ಲಿ ಬಿಟ್ಟು ಬರುತ್ತಾನೆ. ಇನ್ನೊಂದು ದಪ್ಪ ಗೆರೆ. ಶಾಲೆಯ ಟೀಚರು, ಮಾತ್ರೆ ಅಂಗಡಿ, ಅಯ್ಯಾಸಾಮಿಯ ಜಗಲಿ, ಎಲ್ಲಕ್ಕೂ ವೃತ್ತ. ಗಟ್ಟಿ ನಂಟಿಗೆ ದಪ್ಪ ಗೆರೆ, ಸಡಿಲ ನಂಟಿಗೆ ಸಣ್ಣ ಗೆರೆ, ಕಿರಿಕಿರಿ ಇದ್ದ ಕಡೆ ಡೊಂಕು ಗೆರೆ. ಕಾಲೇಜಿನಲ್ಲಿ ಈ ನಂಟಿನ ನಕ್ಷೆಗೆ ಇಪ್ಪತ್ತು ಅಂಕ ಇತ್ತು. ಹಿನಾಗೆ ಹನ್ನೊಂದು ಬಂದಿತ್ತು, ವೃತ್ತಗಳು ದುಂಡಗಿಲ್ಲ ಎಂದು.

ಕೃಷ್ಣಸಾಮಿಯವರ ಸರದಿ ಬಂದಾಗ ವಿಜಯಮ್ಮ ಕಾಗದದ ಮೇಲೆ ಬೆರಳಿಟ್ಟಳು. “ಅವ್ರಿಗೆ ದಪ್ಪ ಗೆರೆ ಬೇಡ. ಸೋಫಾ ಕೊಡ್ತಾರೆ, ಭಾನುವಾರ ಲೀವು ಕೊಡಲ್ಲ.”

ಹಿನಾ ಡೊಂಕು ಗೆರೆ ಎಳೆದಳು. ಬಾಗಿಲಲ್ಲಿ ನಿಂತು ಹಿಟ್ಟಿನ ಚಿಂತೆ ಮಾಡುತ್ತಿದ್ದ ಕೃಷ್ಣಸಾಮಿ ಕತ್ತು ಚಾಚಿದರು. “ಏನಮ್ಮಣಿ ಇದು, ಎಲ್ರಿಗೂ ನೇರ, ನಂಗೊಬ್ಬನಿಗೆ ಹಾವು?”

“ಭಾನುವಾರ ಕೊಟ್ರೆ ನೇರ ಮಾಡಬಹುದು ಸರ್. ರಾತ್ರಿ ಪಾಳಿನೂ ಬೇಡ. ಮತ್ತೆ ನಿಮ್ಮ ಶೆಡ್ಡಲ್ಲಿ ಮಗುವನ್ನ ಯಾವ ಕೆಲಸಕ್ಕೂ ಕೂರಿಸಲ್ಲ ಅಂತ ಬರೆದು ಸಹಿ ಹಾಕಬೇಕು.”

“ಇದನ್ನೆಲ್ಲ ನನ್ನ ಕೇಳ್ಬೇಕಾ? ನಾ ಅಂಥ ಆಳಾ?”

“ನೀವು ಎಂಥವರಾದರೂ ಕೇಳಲೇಬೇಕು ಸರ್. ಅದು ನನ್ನ ಕೆಲಸ.”

ಕೃಷ್ಣಸಾಮಿಯವರನ್ನು ಅವರ ಎದುರಿಗೇ ಹೀಗೆ ಕೇಳಿದವರು ಆ ಬೀದಿಯಲ್ಲಿ ಯಾರೂ ಇರಲಿಲ್ಲ, ಅವರ ಹೆಂಡತಿಯನ್ನು ಬಿಟ್ಟರೆ. ಅವರು ಪೆನ್ನಿಗೆ ಕೈ ಚಾಚಿದರು. “ಹಾವನ್ನ ಅಳಿಸು ಮೊದ್ಲು.”

“ಮೊದ್ಲು ಸಹಿ ಸರ್.”

ಸಹಿ ಬಿದ್ದು ಎಲ್ಲ ಮುಗಿದ ಮೇಲೆ ಹಿನಾ ವಿಜಯಮ್ಮನ ಪಕ್ಕ ನೆಲದ ಮೇಲೆ ಕೂತಳು. “ಅಜ್ಜಿ, ಸಾಮಾನು ಬೀದಿಯದು ಅನ್ನೋದನ್ನೂ ನಾನು ಬರೀಬೇಕು. ಮುಚ್ಚಿಡೋಕಾಗಲ್ಲ. ಆದ್ರೆ ಅದು ನಿಮ್ಮ ಮನೆ ಮಾತು, ನಿಮಗೆ ಹೇಳದೆ ಬರೆಯಲ್ಲ.”

ವಿಜಯಮ್ಮ ಆ ವೃತ್ತಗಳನ್ನು ಬಹಳ ಹೊತ್ತು ನೋಡಿದಳು. ಅಕ್ಷರ ಬಾರದವಳಿಗೂ ಆ ಕಾಗದ ಓದಲು ಬಂತು.

“ಬರಿ ಅಮ್ಮಣಿ. ಆದ್ರೆ ಅಲ್ಲಿ ನೀ ಹೇಳ್ಬೇಡ. ನಾನೇ ಹೇಳ್ತೀನಿ.”

ಪಂಕಜಂ ಮೇಡಂ ವರದಿ ಓದಿ ಕನ್ನಡಕ ತೆಗೆದರು. “ಸಮಿತಿಯ ಮುಂದೆ ಆ ಅಮ್ಮ ಗಾಬರಿಯಾದರೆ? ತಪ್ಪಾಗಿ ಮಾತಾಡಿದರೆ ಮಗು ಅಲ್ಲೇ ಉಳಿಯುತ್ತದೆ. ನೀನೇ ವಿವರಿಸಿಬಿಡು.”

“ಅವರೇ ಹೇಳ್ತೀನಿ ಅಂದಿದ್ದಾರೆ ಮೇಡಂ. ಅವರ ಬಾಯಿಯ ಮಾತನ್ನ ನಾನು ಕಿತ್ತುಕೊಂಡರೆ ನಾನು ಮಾಡಿದ್ದು ಸಹಾಯ ಹೇಗಾಗುತ್ತೆ?”

ಮೇಡಂ ಕನ್ನಡಕ ಹಾಕಿಕೊಂಡು ಸಹಿ ಮಾಡಿದರು.

ಸಮಿತಿ ಕೂತದ್ದು ಎರಡು ವಾರದ ನಂತರ, ಕೊಯಮತ್ತೂರಿನಲ್ಲಿ. ಉದ್ದ ಮೇಜಿನ ಆಚೆ ಐವರು. ಈಚೆ ವಿಜಯಮ್ಮ, ತನ್ನದೇ ಮಾಸಿದ ನೀಲಿ ಸೀರೆಯಲ್ಲಿ. ಗೋಡೆಯ ಬಳಿ ನಿಲಯದ ವಾರ್ಡನ್ ಪಕ್ಕದಲ್ಲಿ ಭೂಮಿ, ಎರಡು ಜಡೆ, ಕಣ್ಣು ಅಜ್ಜಿಯ ಮೇಲೆ. ಅಪ್ಪನಿಗೆ ಕಳಿಸಿದ ಎರಡು ನೋಟಿಸಿಗೂ ಉತ್ತರವಿರಲಿಲ್ಲ. ಉಳಿದದ್ದು ಒಂದೇ ಪ್ರಶ್ನೆ.

ಅಧ್ಯಕ್ಷೆ ತಮಿಳಿನಲ್ಲಿ, ಒರಟಾಗಿಯೇನಲ್ಲ, ಕೇಳಿದರು: “ಅಮ್ಮಾ, ಈಗಿರುವ ಕಡೆ ಮಗುವಿಗೆ ಮಂಚ ಇದೆ, ಫ್ಯಾನಿದೆ, ದಿನಾ ಹಾಲಿದೆ. ನಿಮ್ಮ ಮನೆಯಲ್ಲಿ ಏನಿದೆ?”

ಹಿನಾಳ ಬಾಯಿಗೆ ಉತ್ತರ ಬಂದಿತ್ತು. ತುಟಿ ಕಚ್ಚಿ ಹಿಡಿದಳು. ಕೆಲವು ಸಲ ಆ ಕೆಲಸದ ಅತಿ ಕಷ್ಟದ ವಿಧಾನ ಸುಮ್ಮನಿರುವುದು.

“ಒಂದು ಪಾಯಿ ಇದೆ ತಾಯೀ” ಅಂದಳು ವಿಜಯಮ್ಮ. “ಒಂದು ಒಲೆ. ಮೂರು ಪಾತ್ರೆ. ಈ ಅಮ್ಮಣಿ ಬಂದ ದಿನ ಸೋಫಾ ಇತ್ತು, ಫ್ರಿಜ್ಜಿತ್ತು. ಎಲ್ಲ ಬೀದಿಯವರದು. ನಮ್ಮ ಮರ್ಯಾದೆಗೆ ತಂದಿಟ್ಟೆವು. ಅದು ತಪ್ಪು.” ಬೆನ್ನು ನೆಟ್ಟಗಾಯಿತು. “ಆದರೆ ನಾನು ಕೇಳಿ ಬಂದದ್ದಲ್ಲ. ನಾಲ್ಕು ಜನ ಹೆಗಲು ಕೊಟ್ಟು ಹೊತ್ತು ತಂದರು. ನನ್ನ ಕೂಸಿಗೆ ಜ್ವರ ಬಂದರೂ ಅದೇ ನಾಲ್ಕು ಜನ ಬರುತ್ತಾರೆ. ನಿಮ್ಮ ಫ್ಯಾನು ಬರುತ್ತದಾ?”

ಮೇಜಿನಾಚೆ ಒಬ್ಬರು ತಲೆ ಎತ್ತಿ ತಿರುಗುತ್ತಿದ್ದ ಫ್ಯಾನನ್ನೇ ನೋಡಿದರು.

“ಯಾರು ಆ ನಾಲ್ಕು ಜನ?” ಎಂದರು ಅಧ್ಯಕ್ಷೆ.

“ಹೊರಗೆ ಕೂತಿದ್ದಾರೆ. ಇವತ್ತು ಹನ್ನೊಂದು.”

ಜವಾನ ಬಾಗಿಲು ತೆರೆದು ನೋಡಿದ. ಕಾರಿಡಾರಿನ ಬೆಂಚು ಸಾಲದೆ ನೆಲದ ಮೇಲೂ ಕೂತಿದ್ದರು. ತಂಗವೇಲು ಬಟ್ಟೆ ಸಾಗಿಸುವ ಟೆಂಪೋದಲ್ಲಿ ಎಲ್ಲರನ್ನೂ ತುಂಬಿಕೊಂಡು ಬಂದಿದ್ದ. ಕೃಷ್ಣಸಾಮಿ ಇಸ್ತ್ರಿ ಅಂಗಿಯಲ್ಲಿ, ವರದಿಯಲ್ಲಿ ತಮ್ಮ ಗೆರೆ ನೇರವಾಗಿದೆಯೋ ಇಲ್ಲವೋ ಎಂದು ಹಿನಾಳನ್ನು ಕಣ್ಣಲ್ಲೇ ಕೇಳಿದರು.

ಅಧ್ಯಕ್ಷೆ ನಕ್ಷೆಯ ಹಾಳೆಯನ್ನು ಇನ್ನೊಮ್ಮೆ ಎತ್ತಿ, ಗೆರೆಗಳ ಮೇಲೆ ಪೆನ್ನಿನ ತುದಿ ಓಡಿಸಿದರು. ಆಮೇಲೆ ಎಲ್ಲರನ್ನೂ ಹೊರಗೆ ಕಳಿಸಿ ಭೂಮಿಯ ಜೊತೆ ಹತ್ತು ನಿಮಿಷ ಮಾತಾಡಿದರು. ಒಳಗಿದ್ದವಳು ಹಿನಾ ಒಬ್ಬಳೇ. ಭೂಮಿ ಏನು ಹೇಳಿದಳು ಎಂದು ಚಂದ್ರಾ ಆಮೇಲೆ ಮೂರು ಸಲ ಕೇಳಿದಳು, ಒಮ್ಮೆ ಹಲಸಿನಹಣ್ಣನ್ನೂ ತೋರಿಸಿ ಕೇಳಿದಳು. ಹಿನಾ ಹೇಳಲಿಲ್ಲ. ಮಗು ನಂಬಿ ಹೇಳಿದ ಮಾತು ಮಗುವಿನದೇ.

ಹನ್ನೆರಡು ಗಂಟೆಗೆ ಆದೇಶ ಬಂತು. ಭೂಮಿ ಅಜ್ಜಿಯ ಮನೆಗೆ. ಆರು ತಿಂಗಳು ಹಿನಾ ತಿಂಗಳಿಗೊಮ್ಮೆ ಹೋಗಿ ನೋಡಿ ಬರಬೇಕು. ಪಂಕಜಂ ಮೇಡಂ ಫೈಲನ್ನು ಕಂಕುಳಲ್ಲಿಟ್ಟುಕೊಂಡು, ಹಿನಾಳ ಬೆನ್ನಿಗೆ ಒಂದು ಸಣ್ಣ ಏಟು ಕೊಟ್ಟು, ಮುಂದಿನ ಕೇಸಿಗೆ ಹೊರಟರು. ಅವರ ಬಳಿ ಕೆಲಸ ಕಲಿತವರಿಗೆ ಆ ಏಟಿನ ತೂಕ ಗೊತ್ತು. ಹಿನಾ ಮೆಟ್ಟಿಲಿಳಿಯುವಾಗ ಅವಳ ಚಪ್ಪಲಿಯ ಸದ್ದೂ ಬೇರೆಯಾಗಿತ್ತು.

ಟೆಂಪೋ ಮನೆಯ ಬಾಗಿಲ ತನಕ ಹೋಗಬೇಕೆಂದು ತಂಗವೇಲುವಿನ ಆಸೆ. ಬೀದಿಯ ತುದಿಯಲ್ಲೇ ವಿಜಯಮ್ಮ ನಿಲ್ಲಿಸಿದಳು.

“ಇಲ್ಲೇ ಇಳೀತೀವಿ.”

“ಬಿಸ್ಲು ಅಕ್ಕಾ!”

“ಇರ್ಲಿ.”

ದಿನಾ ಗೋಡೆಯ ನೆರಳು ಹಿಡಿದು ಶೆಡ್ಡಿಗೆ ಹೋಗುತ್ತಿದ್ದ ಹೆಂಗಸು ಅವತ್ತು ಮೊಮ್ಮಗಳ ಕೈ ಹಿಡಿದು ಬೀದಿಯ ನಟ್ಟನಡುವೆ ನಡೆದಳು. ಹಿಂದೆ ಹತ್ತು ಜನ, ಅವರ ಹಿಂದೆ ಖಾಲಿ ಟೆಂಪೋದಲ್ಲಿ ಹನ್ನೊಂದನೆಯವನು ತಂಗವೇಲು, ಹಾರ್ನ್ ಹೊಡೆಯದೆ. ಎರಡೂ ಕಡೆಯ ಬಾಗಿಲುಗಳು ತೆರೆದವು. ಜಗಲಿಯ ಅಯ್ಯಾಸಾಮಿ ಕಣ್ಣಿಗೆ ಕೈ ಅಡ್ಡ ಹಿಡಿದ.

“ಯಾರ್ ವಿಜಯಾ ಬಂದವ್ರು? ನೆಂಟ್ರಾ?”

“ಇಲ್ಲ ಮಾವ” ಅಂದಳು ವಿಜಯಮ್ಮ, ಕೊನೆಯ ಮನೆಯವರಿಗೂ ಕೇಳುವಷ್ಟು ಗಟ್ಟಿಯಾಗಿ. “ಮನೆಯೋಳು.”