ಒಂಬತ್ತು ಓಣಿಗೆ ಒಂದೇ ಬೋರ್ಡು

ನಾನು ತಗಡಿನ ಬೋರ್ಡು. ಆಳೆತ್ತರದ ಕಬ್ಬಿಣದ ಕಾಲು, ಬಿಳಿ ಮೈ, ಕೆಂಪು ಅಕ್ಷರ: ‘ಹೈಕೋರ್ಟ್ ಆದೇಶದಂತೆ ಇಲ್ಲಿ ವಾಹನ ನಿಲ್ಲಿಸಬಾರದು.’ ನನ್ನನ್ನು ಬರೆದವನು ಮೌನೇಶಪ್ಪ ಚಿತ್ರಗಾರ. ಯಾವ ಬೋರ್ಡು ಬರೆದರೂ ಕೊನೆಯ ಅಕ್ಷರ ಮುಗಿದ ಕೂಡಲೇ ಅದಕ್ಕೆ ಕುಂಕುಮ ಹಚ್ಚಿ ಕೈಮುಗಿಯುವುದು ಅವನ ಪದ್ಧತಿ. ಅಂದು ಮೈಯ ಬಿಳಿ ಬಣ್ಣವೂ ಇನ್ನೂ ಹಸಿಯಾಗಿತ್ತು. ಕುಂಕುಮ ಅದರೊಳಗೇ ಇಳಿದು, ಎಡಮೂಲೆಯಲ್ಲಿ ಹುಣಸೆ ಬೀಜದಷ್ಟು ಕಲೆಯಾಗಿ ಕೂತಿತು. ಅವನು ಒರೆಸಲಿಲ್ಲ. “ಇರ್ಲಿ. ಮೈಮ್ಯಾಲೆ ಬರದದ್ದಕ್ಕ ತಪ್ಪಬ್ಯಾಡ, ಅಷ್ಟ ಸಾಕು,” ಎಂದ.

ನಾನು ಹುಟ್ಟಿದ್ದು ನಿವೃತ್ತ ನರ್ಸ್ ನೀಲಮ್ಮನವರಿಂದ. ಅವರ ಓಣಿಯ ತುದಿಯಲ್ಲಿ ಹೆರಿಗೆ ಆಸ್ಪತ್ರೆ. ಎರಡೂ ಬದಿಗೆ ನಿಲ್ಲಿಸಿದ ಗಾಡಿಗಳ ನಡುವೆ ಒಮ್ಮೆ ಆಂಬುಲೆನ್ಸ್ ಸಿಕ್ಕಿಬಿತ್ತು. ನೀಲಮ್ಮ ಓಡಿಹೋಗಿ ಅದರೊಳಗೇ ಹೆರಿಗೆ ಮಾಡಿಸಿದರು. ಕೂಸು ಅಳಲೇ ಇಲ್ಲ. ಮರುವಾರವೇ ಅವರು ಹೈಕೋರ್ಟಿಗೆ ಹೋದರು. ಇಂಥ ಒಂಬತ್ತು ಓಣಿಗಳಲ್ಲಿ ಬೋರ್ಡು ನೆಟ್ಟು ದಾರಿ ಬಿಡಿಸಬೇಕೆಂದು ನಗರಸಭೆಗೆ ಆದೇಶವಾಯಿತು.

ನಗರಸಭೆಯವರು ಮಾಡಿಸಿದ್ದು ನನ್ನೊಬ್ಬನನ್ನೇ. ಗಡುವು ಮುಗಿಯುವ ದಿನ ಎಂಜಿನಿಯರ್ ಕುಬೇರಪ್ಪ ಫೋನು ಹಿಡಿದು ಮುಂದೆ, ನನ್ನನ್ನು ಹೊತ್ತ ಕೂಲಿಯಾಳು ಹುಸೇನಪ್ಪ ಹಿಂದೆ.

“ಸಾಹೇಬ್ರ, ಕುಣಿ ತೋಡಬ್ಯಾಡೇನ್ರಿ?”

“ಫೋಟೋದಾಗ ಕುಣಿ ಕಾಣ್ತೈತೇನಲೇ? ಎರಡು ಕಲ್ಲು ಒತ್ತುಕೊಟ್ಟು ನಿಂದರಸು.”

ಐದನೆಯದು ನೀಲಮ್ಮನವರ ಓಣಿ. ನನ್ನನ್ನು ಕಂಡು ಅವರು ಬರಿಗಾಲಲ್ಲೇ ಹೊರಗೆ ಬಂದರು. ಸೆರಗಿನಿಂದ ನನ್ನ ಮುಖ ಒರೆಸಿದರು. “ಬಂದೇನಪ್ಪಾ? ನಿನ್ನ ಹಾದಿ ಕಾದು ಎರಡು ವರ್ಷಾತು,” ಎಂದು ನನಗೇ ಹೇಳಿದರು. ಹುಸೇನಪ್ಪನಿಗೆ ಮಜ್ಜಿಗೆ ತಂದುಕೊಟ್ಟರು. ಕುಬೇರಪ್ಪ ಫೋಟೊ ತೆಗೆದದ್ದೇ ಹುಸೇನಪ್ಪ ಲೋಟ ಖಾಲಿ ಮಾಡಿ ನನ್ನನ್ನು ಹೆಗಲಿಗೇರಿಸಿದ.

“ಅದ್ಯಾಕೋ ಎತ್ತತಿ?”

ಅವನು ತಲೆ ತಗ್ಗಿಸಿದ. “ಇನ್ನೂ ನಾಕು ಓಣಿ ಅದಾವ್ರಿ ಅಕ್ಕಾರ.”

ನೀಲಮ್ಮ ಒರೆಸಿದ ಸೆರಗನ್ನು ಹಾಗೇ ಹಿಡಿದು ನಿಂತಿದ್ದರು. ಭೂಮಿ ಬಾಯಿ ತೆರೆದು ನನ್ನನ್ನು ನುಂಗಬಾರದೇ ಎನ್ನಿಸಿತು. ನುಂಗಲು ನನಗೊಂದು ಕುಣಿಯೂ ಇರಲಿಲ್ಲ.

ಆಮೇಲೆ ಉಗ್ರಾಣದಲ್ಲಿ, ಒಡೆದ ತಳ್ಳುಗಾಡಿಗಳ ಹಿಂದೆ, ಗೋಡೆಗೆ ಮುಖ ಮಾಡಿ ಬಿದ್ದಿದ್ದೆ. ಅದೇ ಸರಿ ಎನ್ನಿಸುತ್ತಿತ್ತು.

ನೀಲಮ್ಮ ಬಿಡಲಿಲ್ಲ. ನ್ಯಾಯಾಂಗ ನಿಂದನೆಯ ಅರ್ಜಿ ಹಾಕಿದರು. ನಗರಸಭೆ ಒಂಬತ್ತು ಫೋಟೊ ಒಪ್ಪಿಸಿತು. “ಬೋರ್ಡುಗಳನ್ನೇ ತನ್ನಿ,” ಎಂದರು ನ್ಯಾಯಮೂರ್ತಿಗಳು. ಹೋದದ್ದು ನಾನೊಬ್ಬನೇ.

“ಉಳಿದ ಎಂಟು ಕಳುವಾಗ್ಯಾವ್ರಿ,” ಎಂದ ಕುಬೇರಪ್ಪ.

ಫೋಟೊಗಳನ್ನೇ ನೋಡುತ್ತಿದ್ದ ನೀಲಮ್ಮ ಎದ್ದು ನಿಂತರು. “ಸ್ವಾಮಿ, ಎಡಮೂಲಿ ನೋಡ್ರಿ. ಒಂಬತ್ತರಾಗೂ ಇದ ಕುಂಕುಮದ ಕಲಿ. ಕಳ್ಳರು ಇದೊಂದನ್ನ ಒಂಬತ್ತು ಸಲ ಬಿಟ್ಟು ಹೋಗ್ಯಾರೇನ್ರಿ?”

ಯಾರೋ ನಕ್ಕರು. ನ್ಯಾಯಮೂರ್ತಿಗಳು ನಗಲಿಲ್ಲ. ಒಂದೊಂದೇ ಫೋಟೊ ನನ್ನ ಪಕ್ಕಕ್ಕೆ ಹಿಡಿದು ನೋಡಿದರು. ಮೌನೇಶಪ್ಪ ಭಕ್ತಿಯಿಂದ ಇಟ್ಟ ಬೊಟ್ಟು ನನ್ನ ಸುಳ್ಳಿಗೇ ಸಾಕ್ಷಿಯಾಯಿತು. ನ್ಯಾಯಪೀಠದ ಮುಂದೆ ಅಷ್ಟು ಜನ ಮನುಷ್ಯರಿದ್ದರು. ಆದರೆ ಮೈಮೇಲೆ ಕೋರ್ಟಿನ ಹೆಸರು ಬರೆಸಿಕೊಂಡು ಸುಳ್ಳಾಡಿದವನು ನಾನೊಬ್ಬನೇ.

ಕುಬೇರಪ್ಪ ಕೈಜೋಡಿಸಿ ಬೇಷರತ್ ಕ್ಷಮೆ ಕೇಳಿದ. ಕೋರ್ಟು ಎಂಟು ದಿನ ಕೊಟ್ಟಿತು. ಅಷ್ಟರಲ್ಲಿ ಒಂಬತ್ತೂ ಓಣಿಯಲ್ಲಿ ಬೋರ್ಡು ಎದ್ದವು. ನನ್ನನ್ನು ನೀಲಮ್ಮನವರ ಓಣಿಗೇ ತಂದರು. ಕುಬೇರಪ್ಪ ಹುಸೇನಪ್ಪನ ಕೈಯಿಂದ ಹಾರೆ ತೆಗೆದುಕೊಂಡು ತಾನೇ ಕುಣಿ ತೋಡಿದ. ಅಂದು ನೀಲಮ್ಮ ಅವನಿಗೂ ಮಜ್ಜಿಗೆ ಕೊಟ್ಟರು. ಕುಡಿಯುವಾಗ ಅವನು ತಲೆ ಎತ್ತಲಿಲ್ಲ.

ಅದಾಗಿ ಹದಿನಾಲ್ಕು ವರ್ಷ. ಅಕ್ಷರ ಮಾಸಿವೆ, ಕಲೆ ಮಾಸಿಲ್ಲ. ಆಂಬುಲೆನ್ಸ್ ಸಲೀಸಾಗಿ ಹೋಗುತ್ತದೆ. ಆಸ್ಪತ್ರೆಯಿಂದ ಕೂಸುಗಳ ಅಳು ಕೇಳಿದಾಗಲೆಲ್ಲ ಶಿವನನ್ನು ನೆನೆಯುತ್ತೇನೆ.

ನೀಲಮ್ಮನವರ ಬೆನ್ನು ಈಗ ಬಾಗಿದೆ. ಆದರೂ ದಿನಾ ಬೆಳಿಗ್ಗೆ ಹಾಲು ತರಲು ಹೊರಟವರು ನನ್ನ ಬಳಿ ನಿಂತು, ಕಂಬವನ್ನು ಎರಡೂ ಕೈಯಿಂದ ಹಿಡಿದು ಒಮ್ಮೆ ಅಲ್ಲಾಡಿಸಿ ನೋಡುತ್ತಾರೆ. ಅಲ್ಲಾಡದಿದ್ದರೆ ಮಾತ್ರ ಮುಂದೆ ನಡೆಯುತ್ತಾರೆ. ಅವರ ತಪ್ಪಲ್ಲ. ಆ ಅನುಮಾನ ಕಲಿಸಿದವನು ನಾನೇ.

ಬುಡಕ್ಕೆ ತುಕ್ಕು ಹಿಡಿದಿದೆ. ಶಿವನಲ್ಲಿ ಇಷ್ಟೇ ಬೇಡುತ್ತೇನೆ: ಬೀಳುವುದಾದರೆ ಅವರು ಮನೆಯೊಳಗಿದ್ದಾಗ ಬೀಳಲಿ. ಅವರ ಕೈಯಲ್ಲಿ ಅಲ್ಲಾಡುವುದು ಬೇಡ.